ಹದಿನೈದನೆಯ ತಾರೀಖಿನೊಳಗೆ

ಉಲಾನ್‌ಬಾತರ್, ಮಂಗೋಲಿಯಾ
14 ಸೆಪ್ಟೆಂಬರ್ 1997

ಪ್ರೀತಿಯ ಶೀನಣ್ಣ,

ಬಂದು ತಲುಪಿ ಹನ್ನೆರಡು ದಿನವಾಯಿತು. ಮನೆ ಕಚೇರಿಯ ಹಿಂದಿನ ಕಟ್ಟಡದ ಮೂರನೆಯ ಮಹಡಿಯಲ್ಲಿದೆ. ಕಿಟಕಿಗಳಿಗೆ ಎರಡೆರಡು ಪದರ ಗಾಜು. ರಾಯಭಾರ ಕಚೇರಿಯಲ್ಲಿ ಅಧಿಕಾರಿಗಳು ನಾವು ಮೂವರೇ. ವೀಸಾ, ವ್ಯಾಪಾರ, ನೃತ್ಯತಂಡಗಳ ಪ್ರವಾಸ, ಕೆಟ್ಟುನಿಂತ ಬಾಯ್ಲರು, ಎಲ್ಲವೂ ಕೊನೆಗೆ ನನ್ನ ಮೇಜಿಗೇ ಬರುತ್ತವೆ. ಹತ್ತೊಂಬತ್ತು ವರ್ಷದ ಸೇವೆಯಲ್ಲಿ ಇದು ಆರನೆಯ ಊರು. ಆರನೆಯ ಸಲವೂ ಪೆಟ್ಟಿಗೆ ಬಿಚ್ಚುವಾಗ ಒಗ್ಗರಣೆ ಸೌಟು ಸಿಗಲಿಲ್ಲ.

ಎಂಟು ವರ್ಷದ ಪುಟ್ಟಿಗೆ ತಕ್ಕ ಶಾಲೆ ಇಲ್ಲಿಲ್ಲವೆಂಬುದನ್ನು ಬಂದ ಮರುದಿನವೇ ವಿಚಾರಿಸಿ ತಿಳಿದುಕೊಂಡೆ. ಅವಳಪ್ಪ ರಘು ತೀರಿಕೊಂಡ ಮೇಲೆ ತಾಯಿ ಮಗಳು ಒಂದು ದಿನವೂ ಅಗಲಿರಲಿಲ್ಲ. ನಿನ್ನ ಬಳಿ ಬಿಟ್ಟು ಬಂದದ್ದು ಸರಿ ಎಂದು ನನಗೆ ನಾನೇ ಹೇಳಿಕೊಳ್ಳಲು ಈ ವಿಚಾರಣೆ ಬೇಕಾಗಿತ್ತು.

ಪತ್ರಗಳನ್ನು ದೆಹಲಿಯ ಬ್ಯಾಗ್ ವಿಭಾಗದ ವಿಳಾಸಕ್ಕೆ ಹಾಕು. ಅಲ್ಲಿಂದ ಹದಿನೈದು ದಿನಕ್ಕೊಮ್ಮೆ, ಮೊಹರು ಮಾಡಿದ ಚೀಲದಲ್ಲಿ, ಸರ್ಕಾರದ ಕಡತಗಳ ಜೊತೆ ನಮ್ಮ ಮನೆಯ ಕಾಗದಗಳೂ ಬರುತ್ತವೆ. ಭಾನುವಾರ ಸಂಜೆ ಫೋನ್ ಮಾಡುತ್ತೇನೆ. ಆದರೆ ಅಲ್ಲಿ ಫೋನ್ ನಡುಮನೆಯಲ್ಲಿದೆ, ಅವಳು ಪಕ್ಕದಲ್ಲೇ ನಿಂತಿರುತ್ತಾಳೆ. ಅವಳ ವಿಷಯವನ್ನು ಕಾಗದದಲ್ಲೇ ಬರೆ. ಸರಿಯಾಗಿ ಊಟ ಮಾಡುತ್ತಾಳೆಯೇ? ಅಳುತ್ತಾಳೆಯೇ? ಎಷ್ಟು ಬೆಳೆದಿದ್ದಾಳೆ? ಇಷ್ಟನ್ನು ತಪ್ಪದೆ ತಿಳಿಸು.

ನಿನ್ನ
ಮೈತ್ರೇಯಿ


ಬಸವನಗುಡಿ, ಬೆಂಗಳೂರು 4
5 ಅಕ್ಟೋಬರ್ 1997

ಚಿ. ಮೈತ್ರೇಯಿಗೆ ಆಶೀರ್ವಾದಗಳು.

ಇಲ್ಲಿ ಎಲ್ಲವೂ ಮಿತಿಯೊಳಗಿದೆ.

ನಿನ್ನ ಮೂರನೆಯ ಪ್ರಶ್ನೆಗೆ ಮೊದಲು ಉತ್ತರ. ಈ ದಿನ ಬೆಳಿಗ್ಗೆ ಏಳು ಗಂಟೆ ಐದು ನಿಮಿಷಕ್ಕೆ ಪುಟ್ಟಿಯ ಎತ್ತರ 1243 ಮಿಲಿಮೀಟರ್. ಮೇಲಿನ ಕೋಣೆಯ ಬಾಗಿಲ ಚೌಕಟ್ಟಿಗೆ ಬೆನ್ನು ತಾಗಿಸಿ ನಿಲ್ಲಿಸಿ, ತಲೆಯ ಮೇಲೆ ಉಕ್ಕಿನ ಮೂಲೆಮಟ್ಟವನ್ನಿಟ್ಟು ಗೆರೆ ಎಳೆದಿದ್ದೇನೆ. ಮನುಷ್ಯನ ಬೆನ್ನು ಬೆಳಿಗ್ಗೆ ನೀಳವಾಗಿದ್ದು ಸಂಜೆಯ ವೇಳೆಗೆ ಹತ್ತು ಮಿಲಿಮೀಟರಿನವರೆಗೂ ಕುಗ್ಗುತ್ತದೆ. ಆದ್ದರಿಂದ ಪ್ರತಿ ತಿಂಗಳ ಮೊದಲ ಭಾನುವಾರ, ಹಲ್ಲುಜ್ಜಿದ ಕೂಡಲೇ, ಇದೇ ಹೊತ್ತಿಗೆ ಅಳೆಯುವುದೆಂದು ನಿಗದಿ ಮಾಡಿದ್ದೇನೆ.

ಇದರೊಂದಿಗೆ ಸುರುಳಿ ಸುತ್ತಿದ ಟ್ರೇಸಿಂಗ್ ಕಾಗದದ ಪಟ್ಟಿಯಿದೆ. ಕೆಳತುದಿಯನ್ನು ನೆಲಕ್ಕೆ ತಾಗಿಸಿ ನಿನ್ನ ಮನೆಯ ಯಾವುದಾದರೂ ಬಾಗಿಲಿಗೆ ಅಂಟಿಸಿದರೆ ಅವಳ ತಲೆ ಎಲ್ಲಿಗೆ ಬರುತ್ತದೆಂದು ಕಾಣುತ್ತದೆ. ಅಲ್ಲಿನ ಒಣ ಹವೆಗೆ ಕಾಗದ ಕುಗ್ಗಬಹುದು. ವ್ಯತ್ಯಾಸ ಕಂಡುಬಂದರೆ ಪಟ್ಟಿಯನ್ನು ನಂಬಬೇಡ, ಅಂಕಿಯನ್ನು ನಂಬು.

ಊಟ ಸರಿಯಾಗಿದೆ. ಹುರುಳಿಕಾಯಿಯನ್ನು ತಟ್ಟೆಯ ಅಂಚಿಗೆ ಸಾಲಾಗಿ ಜೋಡಿಸಿಡುತ್ತಾಳೆ. ಸಾಲು ನೇರವಾಗಿರುವುದರಿಂದ ನಾನು ಆಕ್ಷೇಪಿಸಿಲ್ಲ. ಶಾಲೆಗೆ ಹೊರಡುವ ಮೊದಲು ಪಕ್ಕದ ಮನೆಯ ಕಲ್ಯಾಣಮ್ಮನವರು ಬಂದು ಜಡೆ ಹಾಕಿಕೊಡುತ್ತಾರೆ.

ಶ್ರೀನಿವಾಸ


ಉಲಾನ್‌ಬಾತರ್
20 ಜನವರಿ 1998

ಪ್ರೀತಿಯ ಶೀನಣ್ಣ,

ಪಟ್ಟಿ ತಲುಪಿತು. ಅಡುಗೆಮನೆಯ ಬಾಗಿಲಿಗೆ ಅಂಟಿಸಿದ್ದೇನೆ. ಚೆನ್ನಾಗಿ ಹಿಡಿದುಕೊಂಡಿದೆ.

ಗಣರಾಜ್ಯೋತ್ಸವಕ್ಕೆ ಇನ್ನಾರು ದಿನ. ಹೊರಗೆ ಮೈನಸ್ ಮೂವತ್ತೆರಡು. ನಿನ್ನೆ ತಾಲೀಮಿಗೆಂದು ಕರಿಸಿದ ನಲವತ್ತು ಸಮೋಸಗಳನ್ನು ಕಾರಿನಲ್ಲಿ ಸಭಾಂಗಣಕ್ಕೆ ಸಾಗಿಸುವಷ್ಟರಲ್ಲಿ ಅವು ಕಲ್ಲಾಗಿದ್ದವು. ರಾಯಭಾರಿಗಳು ಒಂದನ್ನು ಕೈಗೆತ್ತಿಕೊಂಡು, ಮೇಜಿಗೆ ಕುಟ್ಟಿ, ಮರಳಿ ತಟ್ಟೆಯಲ್ಲಿಟ್ಟು, “ಮಿಸೆಸ್ ಮೈತ್ರೇಯಿ, ಇದನ್ನು ರಕ್ಷಣಾ ಖಾತೆಗೆ ವರ್ಗಾಯಿಸಬಹುದು” ಎಂದರು. ಈಗ ಸಮೋಸಗಳಿಗೆ ಕಂಬಳಿ ಹೊದಿಸಿ ಒಯ್ಯುವ ಏರ್ಪಾಡಾಗಿದೆ. ದೇಶ ದೇಶಗಳ ನಡುವಿನ ಬಾಂಧವ್ಯವೆಂದರೆ ಮುಕ್ಕಾಲು ಪಾಲು ಇಂಥದೇ ಕೆಲಸ. ಉಳಿದ ಕಾಲುಭಾಗ ಪತ್ರಿಕೆಯಲ್ಲಿ ಬರುತ್ತದೆ.

ನನ್ನ ಎರಡನೆಯ ಪ್ರಶ್ನೆಗೆ ನಿನ್ನಿಂದ ಉತ್ತರ ಬರಲಿಲ್ಲ. ನಮ್ಮ ಕೆಲಸದಲ್ಲಿ ಯಾರಾದರೂ ಒಂದು ಪ್ರಶ್ನೆಯನ್ನು ಬಿಟ್ಟು ಉಳಿದವಕ್ಕೆ ಉತ್ತರಿಸಿದರೆ, ಬಿಟ್ಟ ಪ್ರಶ್ನೆಯನ್ನೇ ಮೊದಲು ಗುರುತು ಹಾಕಿಕೊಳ್ಳುತ್ತೇವೆ. ಆದರೂ ಒತ್ತಾಯಿಸುವುದಿಲ್ಲ. ಒಂಟಿಯಾಗಿ, ನಿನ್ನ ಹೊತ್ತುವೇಳೆಗೆ ನೀನಿದ್ದವನು. ಐವತ್ತೊಂದನೆಯ ವಯಸ್ಸಿನಲ್ಲಿ ನಿನಗೆ ಇಂಥ ಹೊರೆ ಹೊರಿಸಿಬಂದೆನಲ್ಲ ಎಂಬುದು ನನ್ನನ್ನು ಬಾಧಿಸುತ್ತದೆ.

ಮೈತ್ರೇಯಿ


ಬಸವನಗುಡಿ
5 ಏಪ್ರಿಲ್ 1998

ಚಿ. ಮೈತ್ರೇಯಿಗೆ ಆಶೀರ್ವಾದಗಳು.

ಇಲ್ಲಿ ಎಲ್ಲವೂ ಮಿತಿಯೊಳಗಿದೆ. ಎತ್ತರ 1268.

ಫೆಬ್ರವರಿಯಲ್ಲಿ ಪುಟ್ಟಿಗೆ ಸೀತಾಳೆ ಸಿಡುಬು ಆಗಿತ್ತು. ಹನ್ನೊಂದು ದಿನ. ಫೋನಿನಲ್ಲಿ ಅವಳೂ ಹೇಳಲಿಲ್ಲ, ನಾನೂ ಹೇಳಲಿಲ್ಲ. ಈಗ ಮುಗಿದಿರುವುದರಿಂದ ತಿಳಿಸುತ್ತಿದ್ದೇನೆ. ಎಡಗಣ್ಣಿನ ಮೇಲೆ ಒಂದು ಕಲೆ ಉಳಿದಿದೆ; ವ್ಯಾಸ ಎರಡು ಮಿಲಿಮೀಟರ್. ಆ ದಿನಗಳಲ್ಲಿ ಕಲ್ಯಾಣಮ್ಮನವರಿಗೆ ಬರುವುದು ಬೇಡವೆಂದು ಹೇಳಿ, ಜಡೆ ಹಾಕುವುದನ್ನು ನಾನೇ ಕಲಿತೆ. ಮೂರು ಎಳೆಗಳಿಗೂ ಒಂದೇ ಬಿಗಿತ ಬರಬೇಕೆಂಬುದಷ್ಟೇ ಅದರ ಗುಟ್ಟು. ಆ ತಾಯಿ ಕಾಂಪೌಂಡಿನಾಚೆಯಿಂದ ನೋಡಿ, “ಏನ್ರೀ ಶ್ರೀನಿವಾಸ್, ಮಗೂಗೆ ಜಡೆ ಹಾಕಿದೀರೋ, ಮೋಟರ್‌ಗೆ ವೈಂಡಿಂಗ್ ಮಾಡಿದೀರೋ? ಪಾಪ, ಕಣ್ಣು ಮುಚ್ಚಕ್ಕೂ ಆಗ್ತಿಲ್ಲ ಅದಕ್ಕೆ!” ಎಂದರು. ಬಿಗಿತವನ್ನು ಸಡಿಲಿಸಿದ್ದೇನೆ.

ಎರಡನೆಯ ಪ್ರಶ್ನೆ. ಅಳುತ್ತಾಳೆ. ಮೊದಲ ತಿಂಗಳು ವಾರಕ್ಕೆ ಮೂರು ಬಾರಿ. ಈಗ ತಿಂಗಳಿಗೆ ಒಂದು. ಅವಳು ಕಾರಣ ಹೇಳುವುದಿಲ್ಲ, ನಾನು ಕೇಳುವುದಿಲ್ಲ. ಪಕ್ಕದಲ್ಲಿ ಕುಳಿತು ಪತ್ರಿಕೆ ಓದುತ್ತೇನೆ. ಮುಗಿದ ಮೇಲೆ ಬೆಣ್ಣೆ ಬಿಸ್ಕತ್ತು ಕೇಳುತ್ತಾಳೆ.

ಜುಲೈನಲ್ಲಿ ರಜೆಯ ಮೇಲೆ ಬರುವಾಗ ಉಣ್ಣೆಯ ಕಾಲುಚೀಲ ತರುವುದಾದರೆ ಅವಳ ಪಾದದ ಉದ್ದ 192.

ಶ್ರೀನಿವಾಸ


ಉಲಾನ್‌ಬಾತರ್
10 ಜನವರಿ 2000

ಪ್ರೀತಿಯ ಶೀನಣ್ಣ,

ವರ್ಗಾವಣೆಯ ಆದೇಶ ಬಂದಿದೆ. ಜುಲೈನಿಂದ ವಿಯೆನ್ನಾ, ನಮ್ಮ ಕಚೇರಿಯ ಉಪ ಮುಖ್ಯಸ್ಥೆಯಾಗಿ. ಅಲ್ಲಿ ಒಳ್ಳೆಯ ಶಾಲೆಗಳಿವೆ, ಟ್ರಾಮಿನಲ್ಲಿ ಮಕ್ಕಳು ಒಬ್ಬರೇ ಓಡಾಡುತ್ತಾರಂತೆ. ಪುಟ್ಟಿಯನ್ನು ಕರೆದುಕೊಂಡು ಹೋಗಬೇಕೆಂದಿದ್ದೇನೆ. ಎರಡು ವರ್ಷಕ್ಕೂ ಮೇಲೆ ಅವಳ ಬೆಳವಣಿಗೆಯನ್ನು ಬಾಗಿಲಿನ ಮೇಲೆ ನೋಡಿದ್ದು ಸಾಕು.

ನೀನು ಈವರೆಗೆ ಮಾಡಿರುವುದನ್ನು ಮಾತಿನಲ್ಲಿ ಹೇಳಿ ನಿನಗೆ ಮುಜುಗರ ಮಾಡುವುದಿಲ್ಲ. ಹೊರೆ ಎಂದು ಹಿಂದೊಮ್ಮೆ ಬರೆದಿದ್ದೆ. ನೀನು ಅಲ್ಲವೆನ್ನಲಿಲ್ಲ, ಸುಳ್ಳು ಹೇಳುವವನಲ್ಲ ನೀನು. ಹಾಗಾಗಿ ನಿನಗೂ ಇದರಿಂದ ಅನುಕೂಲವೇ ಆಗಬಹುದು.

ಅಂತರರಾಷ್ಟ್ರೀಯ ಸಭೆಗಳಲ್ಲಿ ನಮಗೊಂದು ರೂಢಿಯಿದೆ. ಪ್ರಸ್ತಾಪದ ಕರಡನ್ನು ಎಲ್ಲರಿಗೂ ಕಳಿಸಿ ಒಂದು ದಿನಾಂಕ ಗೊತ್ತುಮಾಡುತ್ತೇವೆ. ಅಷ್ಟರೊಳಗೆ ಯಾರೂ ಆಕ್ಷೇಪಿಸದಿದ್ದರೆ ಅದು ಅಂಗೀಕಾರವಾದಂತೆ. ಎದ್ದುನಿಂತು ಒಪ್ಪಿಗೆ ಎನ್ನಬೇಕಾದ ಸಂಕೋಚ ಯಾರಿಗೂ ಇರುವುದಿಲ್ಲ. ಮಾತು ಕಡಿಮೆಯಿರುವ ನಮ್ಮ ಮನೆಗೆ ಇದಕ್ಕಿಂತ ಒಗ್ಗುವ ಏರ್ಪಾಡು ಯಾವುದು? ಮಾರ್ಚ್ ಹದಿನೈದನೆಯ ತಾರೀಖಿನೊಳಗೆ ನಿನ್ನ ಆಕ್ಷೇಪ ಬರದಿದ್ದರೆ ಒಪ್ಪಿದ್ದೀಯೆಂದು ತಿಳಿದು ಟಿಕೆಟ್ ಮಾಡಿಸುತ್ತೇನೆ. ಅಲ್ಲಿಯವರೆಗೆ ಅವಳಿಗೆ ಹೇಳುವುದು ಬೇಡ.

ಮೈತ್ರೇಯಿ


ಬಸವನಗುಡಿ
6 ಫೆಬ್ರವರಿ 2000

ಚಿ. ಮೈತ್ರೇಯಿಗೆ ಆಶೀರ್ವಾದಗಳು.

ಇಲ್ಲಿ ಎಲ್ಲವೂ ಮಿತಿಯೊಳಗಿದೆ. ಎತ್ತರ 1402.

ಕಳೆದ ಶನಿವಾರ ನಮ್ಮ ಕಾರ್ಖಾನೆಯಲ್ಲಿ ಕುಟುಂಬದವರಿಗೆ ಪ್ರವೇಶವಿತ್ತು. ಪುಟ್ಟಿಯನ್ನು ನನ್ನ ಅಳತೆ ಉಪಕರಣಗಳ ವಿಭಾಗಕ್ಕೆ ಕರೆದೊಯ್ದೆ. ವರ್ನಿಯರ್ ಓದುವುದನ್ನು ಒಂದು ಬಾರಿ ತೋರಿಸಿದೆ. ಎರಡನೆಯ ಬಾರಿ ನನಗಿಂತ ಮೊದಲು ಅವಳೇ ಓದಿದಳು. ದಶಾಂಶದ ಎರಡನೆಯ ಸ್ಥಾನದವರೆಗೂ ಸರಿಯಾಗಿತ್ತು. ಬರುವಾಗ ಗಾಂಧಿ ಬಜಾರಿನಲ್ಲಿ ಇಳಿದೆವು. ತರಕಾರಿಯ ಚಿಕ್ಕಮುನಿಯಮ್ಮ ಅವಳ ಕೈಗೆ ಎರಡು ಎಳೆ ಸೌತೆಕಾಯಿ ಕೊಟ್ಟು, “ಏನ್ ಪಾಪು, ಮಾಮನ್ ಫ್ಯಾಕ್ಟ್ರೀಲಿ ಮಾಮಂಗೇ ಪಾಠ ಹೇಳ್ಕೊಟ್ಟು ಬಂದ್ಯಾ?” ಎಂದಳು. ವಿಷಯ ಅವಳನ್ನು ಹೇಗೆ ತಲುಪಿತೆಂದು ತಿಳಿಯದು. ನಾನು ಯಾರಿಗೂ ಹೇಳಿರಲಿಲ್ಲ, ಕಲ್ಯಾಣಮ್ಮನವರನ್ನು ಬಿಟ್ಟರೆ.

ನಿನ್ನ ಜನವರಿಯ ಪತ್ರ ತಲುಪಿದೆ.

ಶ್ರೀನಿವಾಸ


ಉಲಾನ್‌ಬಾತರ್
17 ಮಾರ್ಚ್ 2000

ಪ್ರೀತಿಯ ಶೀನಣ್ಣ,

ನಿನ್ನೆಯ ಚೀಲದಲ್ಲೂ ಆಕ್ಷೇಪವಿರಲಿಲ್ಲ. ಧನ್ಯವಾದ ಎಂಬುದು ಬಹಳ ಸಣ್ಣ ಪದ.

ಜುಲೈ 9ಕ್ಕೆ ಅವಳ ಟಿಕೆಟ್ ಆಗಿದೆ. ಶಾಲೆಗೂ ಬರೆದಿದ್ದೇನೆ. ಇನ್ನು ಅವಳಿಗೆ ಹೇಳಬಹುದು. ಹೇಳುವಾಗ ಟ್ರಾಮಿನ ವಿಷಯದಿಂದ ಶುರುಮಾಡು.

ಮೈತ್ರೇಯಿ


ಬಸವನಗುಡಿ
9 ಏಪ್ರಿಲ್ 2000

ಚಿ. ಮೈತ್ರೇಯಿಗೆ,

ಇಲ್ಲಿ ಎಲ್ಲವೂ ಮಿತಿಯೊಳಗಿಲ್ಲ.

ನಾನು ಒಪ್ಪಿರಲಿಲ್ಲ. ಇಪ್ಪತ್ತೆಂಟು ವರ್ಷದಿಂದ ನಾನು ಅಳತೆಯ ಉಪಕರಣಗಳನ್ನು ತಪಾಸಣೆ ಮಾಡುತ್ತಿದ್ದೇನೆ. ನಮ್ಮಲ್ಲಿ ಪರೀಕ್ಷಿಸಿ ಸರಿಯಿದೆಯೆಂದು ಕಂಡುಬಂದ ಉಪಕರಣಕ್ಕೆ ಹಸಿರು ಚೀಟಿ ಅಂಟಿಸಿ ಸಹಿ ಮಾಡುತ್ತೇವೆ. ಚೀಟಿಯಿಲ್ಲದ ಉಪಕರಣವನ್ನು ಯಾರೂ ಮುಟ್ಟುವಂತಿಲ್ಲ, ಅದು ಎಷ್ಟು ದಿನ ಮೇಜಿನ ಮೇಲಿದ್ದರೂ ಸರಿಯೇ. ನಾನು ಸಹಿ ಮಾಡದಿರುವುದರಿಂದ ನಿನ್ನ ಪ್ರಸ್ತಾಪ ಮುಂದುವರಿಯುವುದಿಲ್ಲವೆಂದು ತಿಳಿದಿದ್ದೆ. ನಿನ್ನ ಪತ್ರದಲ್ಲಿ ದಿನಾಂಕವನ್ನು ಗಮನಿಸಿದ್ದೆ. ಆದರೆ ಮೌನವನ್ನು ಯಾರಾದರೂ ಸಹಿಯೆಂದು ಪರಿಗಣಿಸುವುದು ನಿಜವಾಗಿ ಸಾಧ್ಯವೆಂದು ನನ್ನ ಬುದ್ಧಿಗೆ ಹೊಳೆದಿರಲಿಲ್ಲ.

ಆಕ್ಷೇಪಗಳು ಹೀಗಿವೆ. ಅವಳ ಕನ್ನಡ ಈಗಷ್ಟೇ ಕುದುರುತ್ತಿದೆ. ಮೂರು ವರ್ಷ ಕಳೆದರೆ ನಿನಗೆ ಮತ್ತೊಂದು ಊರು, ಅವಳಿಗೆ ಮತ್ತೊಂದು ಶಾಲೆ. ನಿನ್ನ ದಿನಗಳು ಸಭೆಗಳಲ್ಲಿ, ಸಂಜೆಗಳು ಔತಣಗಳಲ್ಲಿ ಕಳೆಯುತ್ತವೆ. ಅವಳು ಯಾರೊಡನೆ ಊಟ ಮಾಡುತ್ತಾಳೆ?

ಇವನ್ನು ಬರೆದ ಮೇಲೆ ಓದಿನೋಡಿದೆ. ಪ್ರತಿಯೊಂದೂ ಸರಿ. ಆದರೆ ನಾನು ಚೀಟಿ ಅಂಟಿಸದಿರಲು ಇವುಗಳಲ್ಲಿ ಯಾವುದೂ ಕಾರಣವಲ್ಲ. ಹೊರೆ ಎಂಬ ನಿನ್ನ ಪದಕ್ಕೆ ನಾನು ಉತ್ತರಿಸದಿದ್ದುದು, ಅದು ಉತ್ತರಿಸಲು ತಕ್ಕ ಪದವಲ್ಲವೆಂದು.

ಅವಳಿಗೆ ಇನ್ನೂ ಹೇಳಿಲ್ಲ.

ಶ್ರೀನಿವಾಸ


ಉಲಾನ್‌ಬಾತರ್
24 ಏಪ್ರಿಲ್ 2000

ಶೀನಣ್ಣ,

ನಿನ್ನ ಪತ್ರವನ್ನು ನಾಲ್ಕು ಬಾರಿ ಓದಿದೆ. ಮೊದಲ ಮೂರು ಬಾರಿ ಸಿಟ್ಟು ಬಂತು.

ಔತಣಗಳ ಬಗ್ಗೆ ಬರೆದಿದ್ದೀಯ. ಕಳೆದ ನವೆಂಬರಿನಲ್ಲಿ ನನಗೆ ಬೇರೊಂದು ದೇಶಕ್ಕೆ ರಾಯಭಾರಿಯಾಗಿಯೇ ಹೋಗುವ ಅವಕಾಶ ಬಂದಿತ್ತು. ಆ ಊರಿನಲ್ಲೂ ಶಾಲೆಯಿರಲಿಲ್ಲ. ಬೇಡವೆಂದು, ವಿಯೆನ್ನಾದಲ್ಲಿ ಎರಡನೆಯ ಕುರ್ಚಿ ಕೇಳಿ ಪಡೆದೆ. ದೆಹಲಿಯಲ್ಲಿ ಹಿರಿಯರೊಬ್ಬರು, “ಇಂಥ ಅವಕಾಶ ಇನ್ನೊಮ್ಮೆ ಬರುತ್ತದೆಂದು ಖಾತರಿಯಿಲ್ಲಮ್ಮ” ಎಂದರು. ಇದನ್ನು ನಿನಗೆ ತಿಳಿಸಬಾರದೆಂದಿದ್ದೆ; ತಿಳಿಸಿದರೆ ನಿನ್ನ ಒಪ್ಪಿಗೆಯನ್ನು ಹಿಂಡಿ ತೆಗೆದಂತಾಗುತ್ತಿತ್ತು.

ಇನ್ನೊಂದು ಮಾತು. ಪಟ್ಟಿ ಚೆನ್ನಾಗಿ ಹಿಡಿದುಕೊಂಡಿದೆ ಎಂದಷ್ಟೇ ಬರೆದಿದ್ದೆನಲ್ಲ. ನಿನ್ನ ಅಂಕಿ ಬಂದಾಗಲೆಲ್ಲ ಅದರ ಮೇಲೆ ಹೊಸ ಗೆರೆ ಎಳೆದಿದ್ದೇನೆ. ಕಚೇರಿಗೆ ಹೊರಡುವ ಮೊದಲು ದಿನವೂ ಕೊನೆಯ ಗೆರೆಯ ಮೇಲೆ, ಅವಳ ತಲೆ ಇರುವ ಎತ್ತರದಲ್ಲಿ, ಅಂಗೈ ಇಟ್ಟು ಹೋಗುತ್ತೇನೆ. ಅಲ್ಲೆಲ್ಲ ಪಟ್ಟಿಯ ಅಕ್ಕಪಕ್ಕ ಬಾಗಿಲಿನ ಬಣ್ಣ ಸವೆದಿದೆ.

ನಾಲ್ಕನೆಯ ಬಾರಿ ಓದಿದಾಗ ಕಂಡದ್ದು: ನೀನು ಬರೆಯದೆ ಬಿಟ್ಟ ಕಾರಣ. ಶೀನಣ್ಣ, ನಾನು ಎಷ್ಟೋ ದೇಶಗಳವರ ಮೌನವನ್ನು ಓದಿ ದೆಹಲಿಗೆ ವರದಿ ಮಾಡಿದ್ದೇನೆ. ನಿನ್ನದನ್ನು ಓದಲಾಗಲಿಲ್ಲ. ಕ್ಷಮಿಸು.

ನಾವಿಬ್ಬರೂ ಸೇರಿ ಒಂದು ತಪ್ಪು ಮಾಡಿದ್ದೇವೆ. ಪುಟ್ಟಿಯನ್ನು ಕೇಳಲಿಲ್ಲ. ಕೇಳು. ಅವಳು ಹೇಳಿದ್ದನ್ನು ಹೇಳಿದ ಹಾಗೆಯೇ ಬರೆ. ಇರುತ್ತೇನೆಂದರೆ ಟಿಕೆಟ್ ರದ್ದು ಮಾಡಿಸುತ್ತೇನೆ.

ಮೈತ್ರೇಯಿ


ಬಸವನಗುಡಿ
7 ಮೇ 2000

ಚಿ. ಮೈತ್ರೇಯಿಗೆ ಆಶೀರ್ವಾದಗಳು.

ಈ ದಿನ ಮೊದಲ ಭಾನುವಾರ. ಅಳೆಯಲು ನಿಲ್ಲಿಸಿದಾಗ ಕೇಳಿದೆ. ಆಗ ಅವಳು ಅಲ್ಲಾಡುವಂತಿಲ್ಲ, ನಾನೂ ಅವಳ ಮುಖ ನೋಡಬೇಕಾಗಿಲ್ಲ. ನೀನು ಬಯಸಿದಂತೆ ಮಾತುಗಳನ್ನು ಇದ್ದ ಹಾಗೆಯೇ ಬರೆದಿದ್ದೇನೆ.

“ಪುಟ್ಟಿ, ಅಮ್ಮನ ಹತ್ರ ಹೋಗ್ತೀಯಾ?”

“ವಿಯೆನ್ನಾಗೆ ತಾನೆ? ಗೊತ್ತು ಮಾಮ.”

“ಯಾರು ಹೇಳಿದ್ರು?”

“ಕಲ್ಯಾಣಮ್ಮ ಅಜ್ಜಿ. ಅವ್ರಿಗೆ ನೀನೇ ಹೇಳಿದ್ಯಂತೆ. ಚಿಕ್ಕಮುನಿಯಮ್ಮಂಗೂ ಗೊತ್ತು. ಅಲ್ಲಿ ಸೊಪ್ಪು ಸಿಗಲ್ವಂತೆ ಪಾಪು, ತಿಂದ್ಕೊಂಡು ಹೋಗು ಅಂದ್ಲು.”

“ಮತ್ತೆ ನೀನು ನನ್ನ ಕೇಳಲೇ ಇಲ್ಲ?”

“ನೀನು ಹೇಳ್ಲಿ ಅಂತ ಕಾಯ್ತಿದ್ದೆ. ಮಾಮ, ಆ ಕಬ್ಬಿಣ ತೆಗಿ ಮೊದ್ಲು, ತಲೆ ನೋಯ್ತಿದೆ.”

ಮೂಲೆಮಟ್ಟವನ್ನು ತೆಗೆದೆ. ಅವಳು ಬಾಗಿಲ ಹೊಸ್ತಿಲ ಮೇಲೆ ಕುಳಿತು ಬೆರಳು ಮಡಿಚಿ ಎಣಿಸಿದಳು.

“ನಿಂಗೆ ಫ್ಯಾಕ್ಟ್ರಿ ಇದೆ. ಕಲ್ಯಾಣಮ್ಮ ಅಜ್ಜಿ ಇದಾರೆ. ಚಿಕ್ಕಮುನಿಯಮ್ಮ ಇದಾಳೆ. ಅಮ್ಮಂಗೆ ಅಲ್ಲಿ ಯಾರೂ ಇಲ್ಲ, ಬರೀ ಆಫೀಸ್‌ನೋರು. ಹೋಗ್ತೀನಿ ಮಾಮ. ಅಮ್ಮಂಗೆ ಜಡೆ ಹಾಕಕ್ಕೆ ಬರಲ್ಲ, ಪರ್ವಾಗಿಲ್ಲ, ನಾನೇ ಹಾಕ್ಕೋತೀನಿ. ನೀನು ರಿಟೈರ್ ಆದ್ಮೇಲೆ ಬಂದ್ಬಿಡು.”

ಮಡಿಚಿದ ಬೆರಳುಗಳನ್ನು ಬಿಚ್ಚುತ್ತ, “ಆದ್ರೆ ಅಲ್ಲಿ ನನ್ನ ಅಳತೆ ಯಾರು ತಗೋತಾರೆ?” ಎಂದಳು. ಆಮೇಲೆ ಅತ್ತಳು. ನಾನು ಪತ್ರಿಕೆ ತೆಗೆದುಕೊಂಡು ಪಕ್ಕದಲ್ಲಿ ಕುಳಿತೆ. ಓದಲಿಲ್ಲ. ಬಿಸ್ಕತ್ತನ್ನು ಈ ದಿನ ಇಬ್ಬರೂ ತಿಂದೆವು.

ಎತ್ತರ 1421. ಮೂಲೆಮಟ್ಟ, ಉಕ್ಕಿನ ಟೇಪು ಮತ್ತು ಅಳೆಯುವ ಕ್ರಮದ ಒಂದು ಪುಟವನ್ನು ಅವಳ ಪೆಟ್ಟಿಗೆಯಲ್ಲಿಡುತ್ತೇನೆ. ಏಳನೆಯ ಅಂಶವನ್ನು ಎರಡು ಬಾರಿ ಓದು.

ಈ ಪತ್ರದ ಕೆಳಗೆ ಅಂಟಿಸಿರುವುದು ನಮ್ಮ ವಿಭಾಗದ ಹಸಿರು ಚೀಟಿ. ದಿನಾಂಕ ಹಾಕಿ ಸಹಿ ಮಾಡಿದ್ದೇನೆ. ಸಂಸ್ಥೆಯ ವಸ್ತುವನ್ನು ಸ್ವಂತಕ್ಕೆ ಬಳಸಿದ್ದು ಇದೇ ಮೊದಲು.

ಶ್ರೀನಿವಾಸ


ವಿಯೆನ್ನಾ
3 ಸೆಪ್ಟೆಂಬರ್ 2000

ಪ್ರೀತಿಯ ಶೀನಣ್ಣ,

ಶಾಲೆ ನಾಳೆಯಿಂದ. ಟ್ರಾಮಿನ ದಾರಿಯನ್ನು ಬಾಯಿಪಾಠ ಮಾಡಿ, ನಾನು ತಪ್ಪು ನಿಲ್ದಾಣದಲ್ಲಿ ಇಳಿಯಹೊರಟಾಗ ಸೆರಗು ಹಿಡಿದು ಎಳೆದಳು. ವಾರದಲ್ಲಿ ನಾಲ್ಕು ಸಂಜೆ ಮನೆಯಲ್ಲೇ ಇರುತ್ತೇನೆಂದು ಅವಳಿಗೆ ಬರೆದುಕೊಟ್ಟಿದ್ದೇನೆ. ಒಪ್ಪಂದಕ್ಕೆ ಇಬ್ಬರೂ ಸಹಿ ಮಾಡಿದ್ದೇವೆ. ಹುರುಳಿಕಾಯಿಯ ಸಾಲು ಈಗ ನನ್ನ ಕಣ್ಣೆದುರಿಗೇ ಇದೆ.

ಇಂದು ಮೊದಲ ಭಾನುವಾರ. ಎತ್ತರ 1419.

ಮೈತ್ರೇಯಿ


ಬಸವನಗುಡಿ
18 ಸೆಪ್ಟೆಂಬರ್ 2000

ಚಿ. ಮೈತ್ರೇಯಿಗೆ ಆಶೀರ್ವಾದಗಳು.

ಜುಲೈ 2ರಂದು ಇಲ್ಲಿ 1427 ಇತ್ತು. ಎರಡು ತಿಂಗಳಲ್ಲಿ ಹುಡುಗಿ ಎಂಟು ಮಿಲಿಮೀಟರ್ ಕುಗ್ಗುವುದಿಲ್ಲ. ಸಂಜೆ ಅಳೆದಿದ್ದೀಯ. ಏಳನೆಯ ಅಂಶವನ್ನು ಓದು.

ಇಲ್ಲಿ ಎಲ್ಲವೂ ಮಿತಿಯೊಳಗಿದೆ. ಬೆಣ್ಣೆ ಬಿಸ್ಕತ್ತು ತರುವುದನ್ನು ನಿಲ್ಲಿಸಿರಲಿಲ್ಲ. ಡಬ್ಬಿ ತುಂಬಿದ್ದು ನಿನ್ನೆ ಗಮನಕ್ಕೆ ಬಂತು. ಕಲ್ಯಾಣಮ್ಮನವರಿಗೆ ಕೊಟ್ಟೆ.

ಶ್ರೀನಿವಾಸ


ವಿಂಡ್‌ಹುಕ್, ನಮೀಬಿಯಾ
25 ಜನವರಿ 2004

ಪ್ರೀತಿಯ ಶೀನಣ್ಣ,

ಬರುವುದಿಲ್ಲವೆಂದಿದ್ದ ಅವಕಾಶ ನಾಲ್ಕು ವರ್ಷ ತಡವಾಗಿ ಬಂದು, ಹೈಕಮಿಷನರಾಗಿ ಇಲ್ಲಿಗೆ ಬಂದು ಮೂರು ತಿಂಗಳಾಯಿತು. ಇಲ್ಲಿನ ಅಧ್ಯಕ್ಷರಿಗೆ ರುಜುವಾತು ಪತ್ರ ಸಲ್ಲಿಸುವ ದಿನ ಪುಟ್ಟಿಯೇ ನನಗೆ ಸೀರೆಯ ನೆರಿಗೆ ಹಿಡಿದುಕೊಟ್ಟಳು. ನೆರಿಗೆಗಳೆಲ್ಲ ಒಂದೇ ಅಗಲ; ಯಾರ ಪಾಠವೆಂದು ಹೇಳಬೇಕಾಗಿಲ್ಲ. ಊರು ಎತ್ತರದಲ್ಲಿದೆ, ಹವೆ ನಮ್ಮ ಬಸವನಗುಡಿಯ ಫೆಬ್ರವರಿಯಂತಿದೆ. ಒಳ್ಳೆಯ ಶಾಲೆ ಮನೆಯಿಂದ ಹತ್ತು ನಿಮಿಷ.

ಫೆಬ್ರವರಿ 29ಕ್ಕೆ ನಿನಗೆ ನಿವೃತ್ತಿ. ಹುಡುಗಿಗೆ ನೀನು ಕೊಡದಿದ್ದ ಮಾತೊಂದನ್ನು ಅವಳು ಹೊಸ್ತಿಲ ಮೇಲೆ ಕುಳಿತು ನಿನ್ನಿಂದ ಪಡೆದುಕೊಂಡಿದ್ದಾಳೆ. ಆರು ತಿಂಗಳಿಗೆಂದು ಬಾ. ಆಮೇಲಿನದನ್ನು ಆಮೇಲೆ ನೋಡೋಣ. ಬರಲೇಬೇಕೆಂದು ಬರೆಯಲು ನನ್ನಿಂದಾಗದು, ಬರುತ್ತೇನೆಂದು ಬರೆಯಲು ನಿನ್ನಿಂದಾಗದು. ಆದ್ದರಿಂದ ಮತ್ತೆ ನನ್ನ ರೂಢಿಯಂತೆಯೇ ನಡೆಯಲಿ. ಮಾರ್ಚ್ ಹದಿನೈದನೆಯ ತಾರೀಖಿನೊಳಗೆ ಆಕ್ಷೇಪ ಬರದಿದ್ದರೆ ಟಿಕೆಟ್ ಮಾಡಿಸುತ್ತೇನೆ. ಈ ಸಲ ಇದರ ಅರ್ಥ ನಿನಗೆ ತಿಳಿದಿದೆ.

ಮೈತ್ರೇಯಿ


ವಿಂಡ್‌ಹುಕ್
21 ಮಾರ್ಚ್ 2004

ಪ್ರೀತಿಯ ಶೀನಣ್ಣ,

ಹದಿನೈದು ಕಳೆಯಿತು. ನೀನು ಬರೆಯಲಿಲ್ಲ. ಆದರೂ ಟಿಕೆಟ್ ಮಾಡಿಸಲು ಧೈರ್ಯ ಬರಲಿಲ್ಲ. ನಿನ್ನ ಮೌನ ನನ್ನ ರೂಢಿಯದೋ ನಿನ್ನ ವಿಭಾಗದ್ದೋ ಎಂದು ನಾಲ್ಕು ದಿನ ಯೋಚಿಸಿದೆ. ಮೊನ್ನೆಯ ಚೀಲದಲ್ಲಿ ನಿನ್ನ ಲಕೋಟೆ ಬಂತು. ಒಳಗೆ ಪತ್ರವಿಲ್ಲ. ಸುರುಳಿ ಸುತ್ತಿದ ಟ್ರೇಸಿಂಗ್ ಕಾಗದದ ಪಟ್ಟಿ, ಅದರ ಮೇಲೆ ಒಂದೇ ಗೆರೆ: 1691. ಮಾರ್ಚ್ 7, ಬೆಳಿಗ್ಗೆ 7-05. ಗೆರೆಯ ಪಕ್ಕದಲ್ಲಿ, ನಿವೃತ್ತಿಗೆ ಮೊದಲೇ ತಂದಿಟ್ಟದ್ದಿರಬೇಕು, ಹಸಿರು ಚೀಟಿ, ನಿನ್ನ ಸಹಿ.

ಅದು ನಿನ್ನ ಎತ್ತರವೆಂದು ಪುಟ್ಟಿಗೆ ತಿಳಿಯಲು ಕ್ಷಣವೂ ಬೇಕಾಗಲಿಲ್ಲ. “ಗೆರೆ ಸೊಟ್ಟಗಿದೆ ಅಮ್ಮ, ಮಾಮ ಎಳೆದಿದ್ದಲ್ಲ. ಕಲ್ಯಾಣಮ್ಮ ಅಜ್ಜಿ ಸ್ಟೂಲ್ ಹತ್ತಿರ್ತಾರೆ, ಮಾಮ ಕೆಳಗಿಂದ ಬೈಸ್ಕೊಂಡಿರ್ತಾನೆ” ಎಂದು ನಗುತ್ತ ನಿಂತಳು. ಪಟ್ಟಿಯನ್ನು ಅವಳ ಪಟ್ಟಿಯ ಪಕ್ಕದಲ್ಲಿ ಅಂಟಿಸಿದ್ದಾಳೆ. ಅವಳ ಗೆರೆ ನಿನ್ನದಕ್ಕಿಂತ ಎಪ್ಪತ್ನಾಲ್ಕು ಮಿಲಿಮೀಟರ್ ಕಡಿಮೆ.

ಟಿಕೆಟ್ ಇದರೊಂದಿಗಿದೆ. ಕಲ್ಯಾಣಮ್ಮನವರಿಂದ ಒಂದು ಒಗ್ಗರಣೆ ಸೌಟು ಕೇಳಿ ತಾ. ವಿಮಾನ ಏಪ್ರಿಲ್ 24ರ ಸಂಜೆ ಇಳಿಯುತ್ತದೆ. ಆ ದಿನ ನಿನ್ನನ್ನು ಅಳೆಯುವುದು ಬೇಡವೆಂದು ಪುಟ್ಟಿ ತೀರ್ಮಾನಿಸಿದ್ದಾಳೆ. ಮರುದಿನ ಬೆಳಿಗ್ಗೆ, ಹಲ್ಲುಜ್ಜಿದ ಕೂಡಲೇ.

ನಿನ್ನ
ಮೈತ್ರೇಯಿ